ಸೋರ್ಬಿಯನ್ ನುಡಿಗಳು: ನಿಷೇಧವನ್ನು ಗೆದ್ದು ಲೆಕ್ಕಾಚಾರಕ್ಕೆ ಸೋಲುತ್ತಿರುವ ಕಥೆ

ಜರ್ಮನಿಯ ಪೂರ್ವದ ಅಂಚಿನಲ್ಲಿ, ಪೋಲೆಂಡ್ ಮತ್ತು ಚೆಕ್ ದೇಶಗಳ ಗಡಿಗೆ ಹೊಂದಿಕೊಂಡಂತೆ ಲುಸಾಷಿಯಾ ಎಂಬ ಪ್ರದೇಶವಿದೆ. ಜರ್ಮನರು ಇದನ್ನು ಲೌಸಿಟ್ಸ್ ಎಂದು ಕರೆಯುತ್ತಾರೆ. ಅಲ್ಲಿಯ ಊರುಗಳ ನಾಮಫಲಕಗಳಲ್ಲಿ ಎರಡೆರಡು ಹೆಸರುಗಳಿರುತ್ತವೆ. ಬೌಟ್ಸೆನ್ ಎಂಬುದರ ಕೆಳಗೆ ಬುದಿಶಿನ್, ಕಾಟ್‌ಬುಸ್ ಎಂಬುದರ ಕೆಳಗೆ ಖೋಶೆಬುಸ್. ಕೆಳಗಿನ ಸಾಲಿನ ಹೆಸರುಗಳು ಜರ್ಮನ್ ಅಲ್ಲ. ಅವು ಸೋರ್ಬರ ನುಡಿಯವು. ಸುಮಾರು ಆರನೆಯ ಶತಮಾನದ ನಂತರ ಎಲ್ಬೆ ಮತ್ತು ಓಡರ್ ನದಿಗಳ ನಡುವಣ ನಾಡಿಗೆ ಬಂದು ನೆಲೆಸಿದ ಪಶ್ಚಿಮ ಸ್ಲಾವಿಕ್ ಜನಸಮುದಾಯಗಳಲ್ಲಿ ತಮ್ಮ ಭಾಷೆಯನ್ನು ಇಂದಿಗೂ ಉಳಿಸಿಕೊಂಡು ಬಂದವರು ಇವರು ಮಾತ್ರ. ಹತ್ತನೆಯ ಶತಮಾನದಲ್ಲಿ ಜರ್ಮನ್ ಅರಸರು ಈ ನಾಡನ್ನು ಗೆದ್ದುಕೊಂಡ ಮೇಲೆ ಸೋರ್ಬರಿಗೆ ಸ್ವಂತದ ರಾಜ್ಯವೆಂಬುದು ಇರಲೇ ಇಲ್ಲ. ಸೈನ್ಯವಿಲ್ಲದೆ, ರಾಜಧಾನಿಯಿಲ್ಲದೆ, ಯುರೋಪಿನ ಬಲಿಷ್ಠ ಭಾಷೆಗಳಲ್ಲೊಂದರ ಒಡಲೊಳಗೇ ಸಾವಿರ ವರ್ಷ ಬಾಳಿದ ಭಾಷೆಯಿದು.

ಭಾಷೆಗಳ ಅಳಿವಿನ ಕುರಿತು ಬರೆಯುವವರಲ್ಲಿ ಒಂದು ರೂಢಿಯ ವಿವರಣೆಯಿದೆ. ಆಳುವವರು ನಿಷೇಧಿಸುತ್ತಾರೆ, ಶಾಲೆಯಲ್ಲಿ ಮಕ್ಕಳನ್ನು ದಂಡಿಸುತ್ತಾರೆ, ಪುಸ್ತಕಗಳನ್ನು ಸುಡುತ್ತಾರೆ. ಆದ್ದರಿಂದ ಭಾಷೆ ಸಾಯುತ್ತದೆ ಎಂಬುದು ಅದರ ಸಾರ. ಸೋರ್ಬರ ಚರಿತ್ರೆ ಈ ವಿವರಣೆಯನ್ನು ಅರ್ಧದಷ್ಟು ಮಾತ್ರ ಸಮರ್ಥಿಸುತ್ತದೆ. ನಿಷೇಧಗಳ ಕಾಲದಲ್ಲಿ ಈ ಭಾಷೆ ಕುಗ್ಗಿತು, ಆದರೆ ಬರಹವನ್ನೂ ಸಾಹಿತ್ಯವನ್ನೂ ಪಡೆಯಿತು. ಕಾಯಿದೆಯ ರಕ್ಷಣೆಯೂ ಸರ್ಕಾರದ ಅನುದಾನವೂ ದೊರೆತ ಕಾಲದಲ್ಲಿಯೇ ಅದರ ನೆಲೆ ಅತ್ಯಂತ ವೇಗವಾಗಿ ಕರಗಿತು. ಈ ವೈಪರೀತ್ಯವನ್ನು ವಿವರಿಸದೆ ಸೋರ್ಬಿಯನ್ನಿನ ಇಂದಿನ ಸ್ಥಿತಿಯನ್ನು ಅರ್ಥಮಾಡಿಕೊಳ್ಳುವುದು ಸಾಧ್ಯವಿಲ್ಲ.

ಮೊದಲು ಭಾಷೆಯ ಸ್ವರೂಪವನ್ನು ಗಮನಿಸಬೇಕು. ಸೋರ್ಬಿಯನ್ ಒಂದಲ್ಲ, ಎರಡು. ಸ್ಯಾಕ್ಸನಿ ರಾಜ್ಯಕ್ಕೆ ಸೇರಿದ ಎತ್ತರದ ಭೂಭಾಗದಲ್ಲಿ, ಬೌಟ್ಸೆನ್ ಪಟ್ಟಣದ ಸುತ್ತ ಬಳಕೆಯಲ್ಲಿರುವುದು ಮೇಲಿನ ಸೋರ್ಬಿಯನ್. ಬ್ರಾಂಡೆನ್‌ಬುರ್ಗ್ ರಾಜ್ಯಕ್ಕೆ ಸೇರಿದ ತಗ್ಗು ಭೂಭಾಗದಲ್ಲಿ, ಕಾಟ್‌ಬುಸ್ ಪಟ್ಟಣದ ಸುತ್ತ ಇರುವುದು ಕೆಳಗಿನ ಸೋರ್ಬಿಯನ್. ಮೇಲಿನದು ಚೆಕ್ ಭಾಷೆಗೂ ಕೆಳಗಿನದು ಪೋಲಿಷ್ ಭಾಷೆಗೂ ಹೆಚ್ಚು ಹತ್ತಿರ. ಎರಡಕ್ಕೂ ಪ್ರತ್ಯೇಕ ಬರಹದ ರೂಢಿ, ಪ್ರತ್ಯೇಕ ವ್ಯಾಕರಣ, ಪ್ರತ್ಯೇಕ ಸಾಹಿತ್ಯ ಪರಂಪರೆ ಇವೆ. ಎರಡೂ ಭಾಷೆಗಳಲ್ಲಿ ದ್ವಿವಚನ ಇಂದಿಗೂ ಜೀವಂತವಾಗಿದೆ. ಮೇಲಿನ ಸೋರ್ಬಿಯನ್ನಿನಲ್ಲಿ ಒಂದು ಕೈ ‘ರುಕಾ’, ಎರಡು ಕೈಗಳು ‘ರುತ್ಸೆ’, ಹಲವು ಕೈಗಳು ‘ರುಕಿ’. ಸಂಸ್ಕೃತದಲ್ಲಿದ್ದ ದ್ವಿವಚನವನ್ನು ಪ್ರಾಕೃತಗಳು ಕೈಬಿಟ್ಟದ್ದನ್ನು ಬಲ್ಲ ಭಾಷಾವಿದ್ಯಾರ್ಥಿಗೆ ಇದರ ಮಹತ್ವ ತಾನೇ ಹೊಳೆಯುತ್ತದೆ. ಬಹುಪಾಲು ಸ್ಲಾವಿಕ್ ಭಾಷೆಗಳೂ ಇದನ್ನು ಕಳೆದುಕೊಂಡಿವೆ. ಸ್ಲೊವೇನಿಯನ್ ಮತ್ತು ಸೋರ್ಬಿಯನ್ ಉಳಿಸಿಕೊಂಡಿವೆ. ಇಲ್ಲಿ ‘ನಾವಿಬ್ಬರು’ ಎಂಬುದಕ್ಕೂ ‘ನಾವೆಲ್ಲರು’ ಎಂಬುದಕ್ಕೂ ಸರ್ವನಾಮ ಬೇರೆ, ಕ್ರಿಯಾಪದದ ರೂಪ ಬೇರೆ.

ಇನ್ನು ನಿಷೇಧಗಳ ಚರಿತ್ರೆ. 1293ರಲ್ಲಿ ಬೆರ್ನ್‌ಬುರ್ಗ್‌ನಲ್ಲಿ, 1327ರಲ್ಲಿ ಲೈಪ್ಸಿಗ್ ಮತ್ತು ತ್ಸ್ವಿಕಾವ್ ಪ್ರದೇಶಗಳಲ್ಲಿ, 1424ರಲ್ಲಿ ಮೈಸೆನ್‌ನಲ್ಲಿ ನ್ಯಾಯಾಲಯಗಳಿಂದ ಈ ಸ್ಲಾವಿಕ್ ನುಡಿಯನ್ನು ಹೊರಗಿಡಲಾಯಿತು. ಇವೆಲ್ಲ ಲುಸಾಷಿಯಾದ ಪಶ್ಚಿಮಕ್ಕಿರುವ ಪ್ರದೇಶಗಳು. ಅಲ್ಲಿ ಭಾಷೆ ಕಾಲಕ್ರಮದಲ್ಲಿ ಅಳಿದೂ ಹೋಯಿತು. ಆದರೆ ಲುಸಾಷಿಯಾದಲ್ಲಿ ಚರಿತ್ರೆ ಬೇರೆ ದಾರಿ ಹಿಡಿಯಿತು. ಮೇಲಿನ ಸೋರ್ಬಿಯನ್ನಿನ ಅತಿ ಹಳೆಯ ದಾಖಲೆಯೆಂದು ಗುರುತಿಸಲಾಗಿರುವುದು 1532ರ ಬೌಟ್ಸೆನ್ ನಾಗರಿಕರ ಪ್ರಮಾಣವಚನ. ಪಟ್ಟಣದ ಪ್ರಜೆಯಾಗಬಯಸುವವನು ಅರಸನಿಗೂ ಪೌರಸಭೆಗೂ ನಿಷ್ಠನಾಗಿರುವೆನೆಂದು ತನ್ನ ಮಾತಿನಲ್ಲೇ ಆಣೆಯಿಡಬೇಕಾಗಿತ್ತು. ಅರ್ಥವಾಗದ ಭಾಷೆಯಲ್ಲಿ ಮಾಡಿದ ಆಣೆಗೆ ಬೆಲೆಯಿಲ್ಲವೆಂಬ ವ್ಯಾವಹಾರಿಕ ತಿಳಿವಳಿಕೆಯೇ ಈ ಬರಹಕ್ಕೆ ಕಾರಣ.

ಇದೇ ತಿಳಿವಳಿಕೆ ಲೂಥರನ ಮತಸುಧಾರಣೆಯ ಕಾಲದಲ್ಲಿ ಇನ್ನೂ ವ್ಯಾಪಕವಾಗಿ ಕೆಲಸ ಮಾಡಿತು. ಮಿಕ್ಲಾವ್ಶ್ ಯಾಕುಬಿತ್ಸಾ 1548ರಲ್ಲಿ ಹೊಸ ಒಡಂಬಡಿಕೆಯನ್ನು ಸೋರ್ಬಿಯನ್ನಿಗೆ ಅನುವಾದಿಸಿದನು. ಅದು ಹಸ್ತಪ್ರತಿಯಾಗಿಯೇ ಉಳಿಯಿತು. 1574ರಲ್ಲಿ ಆಲ್ಬಿನ್ ಮೊಲ್ಲರ್ ಅಚ್ಚು ಹಾಕಿಸಿದ ಕೀರ್ತನೆ ಮತ್ತು ಧರ್ಮಬೋಧೆಯ ಸಂಕಲನ ಸೋರ್ಬಿಯನ್ನಿನ ಮೊದಲ ಮುದ್ರಿತ ಪುಸ್ತಕ. 1667ರಲ್ಲಿ ಬ್ರಾಂಡೆನ್‌ಬುರ್ಗ್‌ನ ಪ್ರಭು ತನ್ನ ಆಳ್ವಿಕೆಗೆ ಸೇರಿದ ಸೋರ್ಬ್ ಭಾಗಗಳಲ್ಲಿ ಈ ಭಾಷೆಯ ಬರಹಗಳನ್ನು ನಾಶಪಡಿಸುವಂತೆ ಆಜ್ಞೆ ಹೊರಡಿಸಿದನು. ಅದಾದ ನಾಲ್ಕು ದಶಕಗಳಲ್ಲಿ ಮಿಖಾವ್ ಫ್ರೆಂತ್ಸೆಲ್ ಅನುವಾದಿಸಿದ ಮೇಲಿನ ಸೋರ್ಬಿಯನ್ ಹೊಸ ಒಡಂಬಡಿಕೆ 1706ರಲ್ಲಿಯೂ, ಫಾಬ್ರಿತ್ಸಿಯುಸ್‌ನ ಕೆಳಗಿನ ಸೋರ್ಬಿಯನ್ ಅನುವಾದ 1709ರಲ್ಲಿಯೂ ಪ್ರಕಟವಾದವು. 1728ರಲ್ಲಿ ಸಮಗ್ರ ಬೈಬಲ್ ಮೇಲಿನ ಸೋರ್ಬಿಯನ್ನಿನಲ್ಲಿ ಬಂದಿತು. ಅರಸನ ಆಜ್ಞೆಗಿಂತ ಹಳ್ಳಿಯ ಅಗತ್ಯ ಬಲವಾಗಿತ್ತು. ಉಪದೇಶ ಕೇಳುವ ರೈತನಿಗೆ ಜರ್ಮನ್ ತಿಳಿಯುತ್ತಿರಲಿಲ್ಲ. ಆದ್ದರಿಂದ ಪಾದ್ರಿ ಸೋರ್ಬಿಯನ್ ಕಲಿಯಲೇಬೇಕಾಯಿತು.

ಹತ್ತೊಂಬತ್ತನೆಯ ಶತಮಾನದಲ್ಲಿ ಈ ಭಾಷೆಗೆ ಆಧುನಿಕ ಸಾಹಿತ್ಯ ದೊರೆಯಿತು. 1815ರ ವಿಯೆನ್ನಾ ಸಮ್ಮೇಳನದ ಹಂಚಿಕೆಯಲ್ಲಿ ಲುಸಾಷಿಯಾದ ಬಹುಭಾಗ ಸ್ಯಾಕ್ಸನಿಯಿಂದ ಪ್ರಷ್ಯಾದ ಪಾಲಾಗಿ, ಸೋರ್ಬರು ಎರಡು ರಾಜ್ಯಗಳಲ್ಲಿ ಒಡೆದುಹೋದರು. ಆ ಒಡಕಿನ ನಡುವೆಯೇ ಹಂದ್ರಿಯ್ ಜೆಯ್ಲರ್ 1827ರಲ್ಲಿ ಬರೆದ ನಾಡಿನ ಕುರಿತ ಕವಿತೆ ಮುಂದೆ ಕೊರ್ಲಾ ಅವ್‌ಗುಸ್ತ್ ಕೊತ್ಸೊರ್‌ನ ರಾಗದೊಂದಿಗೆ ಸೋರ್ಬರ ನಾಡಗೀತೆಯಾಯಿತು. ಯಾನ್ ಆರ್ನೊಶ್ತ್ ಸ್ಮೊಲೆರ್ ತನ್ನ ಜರ್ಮನ್ ಸಹೋದ್ಯೋಗಿ ಹೌಪ್ಟ್‌ನೊಡನೆ ಎರಡೂ ಲುಸಾಷಿಯಾಗಳ ಜನಪದ ಗೀತೆಗಳನ್ನು ಸಂಗ್ರಹಿಸಿ 1841ರಿಂದ 1843ರ ಅವಧಿಯಲ್ಲಿ ಎರಡು ಸಂಪುಟಗಳಾಗಿ ಪ್ರಕಟಿಸಿದನು. 1847ರಲ್ಲಿ ‘ಮಾಚಿತ್ಸಾ ಸೆರ್ಬ್ಸ್ಕಾ’ ಎಂಬ ವಿದ್ವತ್ ಸಂಸ್ಥೆ ಸ್ಥಾಪಿತವಾಯಿತು. ಯಾಕುಬ್ ಬಾರ್ಟ್ ಚಿಶಿನ್ಸ್ಕಿ 1884ರಲ್ಲಿ ಇಡಿಯಾಗಿ ಸಾನೆಟ್ಟುಗಳ ಸಂಕಲನವನ್ನೇ ಹೊರತಂದು, ರೈತರ ನುಡಿ ಯುರೋಪಿನ ಯಾವ ಕಾವ್ಯಬಂಧಕ್ಕೂ ಹೊಂದಬಲ್ಲದೆಂದು ತೋರಿಸಿಕೊಟ್ಟನು. ಅದೇ ದಶಕದಲ್ಲಿ ಆರ್ನೊಶ್ತ್ ಮುಕಾ ಹಳ್ಳಿಯಿಂದ ಹಳ್ಳಿಗೆ ತಿರುಗಿ ನಡೆಸಿದ ಗಣತಿಯಲ್ಲಿ ಸೋರ್ಬರ ಸಂಖ್ಯೆ ಸುಮಾರು 1,66,000 ಎಂದು ದಾಖಲಾಯಿತು. ಇದೇ ಹೊತ್ತಿನಲ್ಲಿ ಪ್ರಷ್ಯಾದ ಶಾಲೆಗಳಿಂದ ಸೋರ್ಬಿಯನ್ನನ್ನು ಹೊರಗಟ್ಟಲಾಗುತ್ತಿತ್ತೆಂಬುದನ್ನು ಮರೆಯುವಂತಿಲ್ಲ. 1912ರಲ್ಲಿ ಹೋಯರ್ಸ್‌ವೆರ್ಡಾ ಪಟ್ಟಣದಲ್ಲಿ ಸೋರ್ಬ್ ಸಂಘಗಳೆಲ್ಲ ಸೇರಿ ‘ದೊಮೊವಿನಾ’ ಎಂಬ ಒಕ್ಕೂಟವನ್ನು ಕಟ್ಟಿದವು. ಆ ಪದದ ಅರ್ಥ ತಾಯ್ನಾಡು.

ನಾತ್ಸಿ ಆಡಳಿತ 1937ರಲ್ಲಿ ದೊಮೊವಿನಾದ ಚಟುವಟಿಕೆಗಳನ್ನೂ ಸೋರ್ಬಿಯನ್ ಪತ್ರಿಕೆಯನ್ನೂ ನಿಲ್ಲಿಸಿತು. ಸೋರ್ಬ್ ಶಿಕ್ಷಕರನ್ನೂ ಪಾದ್ರಿಗಳನ್ನೂ ದೂರದ ಊರುಗಳಿಗೆ ವರ್ಗಾಯಿಸಿತು. ಕೆಳಗಿನ ಸೋರ್ಬಿಯನ್ನಿನ ಕವಯಿತ್ರಿ, ಪತ್ರಿಕೆಯ ಸಂಪಾದಕಿಯೂ ಆಗಿದ್ದ ಮಿನಾ ವಿತ್ಕೊಯ್ತ್ಸ್ ಬರೆಯದಂತೆ ನಿರ್ಬಂಧಕ್ಕೊಳಗಾಗಿ ನಾಡಿನಿಂದಲೇ ಹೊರಹಾಕಲ್ಪಟ್ಟಳು. ನಿಷೇಧಗಳಲ್ಲಿ ಇದು ಅತ್ಯಂತ ಕ್ರೂರವಾದುದು. ಆದರೂ 1945ರ ಮೇ 10ರಂದು, ಯುದ್ಧ ಮುಗಿದು ಎರಡೇ ದಿನಗಳಲ್ಲಿ, ದೊಮೊವಿನಾ ಮತ್ತೆ ಕಾರ್ಯಾರಂಭ ಮಾಡಿತು. ನಿಷೇಧಕ್ಕೆ ಒಂದು ಮುಖವಿರುತ್ತದೆ. ಅದನ್ನು ಎದುರಿಸಲು ಜನ ಒಂದಾಗಬಲ್ಲರು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ.

ಮುಂದಿನ ಅಧ್ಯಾಯದಲ್ಲಿ ಎದುರಾಳಿಗೆ ಅಂಥ ಮುಖವಿರಲಿಲ್ಲ. 1948ರ ಮಾರ್ಚ್ 23ರಂದು ಸ್ಯಾಕ್ಸನಿಯ ಶಾಸನಸಭೆ ಸೋರ್ಬರ ಹಕ್ಕುಗಳ ರಕ್ಷಣೆಗಾಗಿ ಕಾಯಿದೆಯೊಂದನ್ನು ಅಂಗೀಕರಿಸಿತು. ಅವರ ಚರಿತ್ರೆಯಲ್ಲಿ ಇಂಥದು ಮೊದಲನೆಯದು. ಪೂರ್ವ ಜರ್ಮನಿಯ ಸಮಾಜವಾದಿ ಸರ್ಕಾರ ಸೋರ್ಬಿಯನ್ ಶಾಲೆಗಳನ್ನು ತೆರೆಯಿತು, ಬೌಟ್ಸೆನ್‌ನಲ್ಲಿ ಸಂಶೋಧನಾ ಸಂಸ್ಥೆ, ರಂಗಮಂದಿರ ಮತ್ತು ಪ್ರಕಾಶನವನ್ನು ಪೋಷಿಸಿತು, ಲೈಪ್ಸಿಗ್ ವಿಶ್ವವಿದ್ಯಾಲಯದಲ್ಲಿ ಸೋರ್ಬಿಯನ್ ಅಧ್ಯಯನಕ್ಕೆ ಪೀಠ ಕೊಟ್ಟಿತು. ಯೂರಿ ಬ್ರೆಝಾನ್, ಕಿತೊ ಲೊರೆಂತ್ಸ್ ಮೊದಲಾದವರ ದ್ವಿಭಾಷಿಕ ಸಾಹಿತ್ಯ ಬೆಳೆದದ್ದು ಈ ಆಸರೆಯಲ್ಲೇ. ಇಷ್ಟನ್ನು ಒಪ್ಪದಿದ್ದರೆ ಚರಿತ್ರೆಗೆ ಅನ್ಯಾಯವಾಗುತ್ತದೆ.

ಆದರೆ ಅದೇ ಸರ್ಕಾರದ ವಿದ್ಯುತ್ತಿನ ಬಹುಪಾಲು ಬರುತ್ತಿದ್ದುದು ಲಿಗ್ನೈಟ್ ಎಂಬ ಕಂದು ಕಲ್ಲಿದ್ದಲಿನಿಂದ. ಆ ಕಲ್ಲಿದ್ದಲಿನ ವಿಶಾಲ ನಿಕ್ಷೇಪ ಇದ್ದದ್ದು ಸೋರ್ಬ್ ಹಳ್ಳಿಗಳ ಅಡಿಯಲ್ಲಿ. ಲಿಗ್ನೈಟನ್ನು ಸುರಂಗ ಕೊರೆದು ತೆಗೆಯುವುದಿಲ್ಲ. ಮೇಲಿನ ಮಣ್ಣನ್ನೆಲ್ಲ ಬಗೆದು, ಅಂತರ್ಜಲವನ್ನು ಇಳಿಸಿ, ತೆರೆದ ಗಣಿಯಿಂದ ತೆಗೆಯುತ್ತಾರೆ. ಹಾಗಾಗಿ ಮನೆ, ಹೊಲ, ಚರ್ಚು, ಸ್ಮಶಾನ ಎಲ್ಲವೂ ಹೋಗಬೇಕಾಗುತ್ತದೆ. ಇಪ್ಪತ್ತನೆಯ ಶತಮಾನದಲ್ಲಿ ಲುಸಾಷಿಯಾದ 130ಕ್ಕೂ ಹೆಚ್ಚು ಊರುಗಳು ಪೂರ್ಣವಾಗಿ ಇಲ್ಲವೇ ಭಾಗಶಃ ಹೀಗೆ ಅಳಿದವು. ದೊಮೊವಿನಾ ಹುಟ್ಟಿದ ಹೋಯರ್ಸ್‌ವೆರ್ಡಾದ ಜನಸಂಖ್ಯೆ ಏಳು ಸಾವಿರದ ಆಸುಪಾಸಿನಿಂದ ಎಪ್ಪತ್ತು ಸಾವಿರಕ್ಕೇರಿತು. ಬಂದವರೆಲ್ಲ ಬಹುತೇಕ ಜರ್ಮನ್ ಭಾಷಿಕ ಕಾರ್ಮಿಕರು. ಊರು ಕಳೆದುಕೊಂಡ ಸೋರ್ಬರಿಗೆ ಪಟ್ಟಣದ ಬಹುಮಹಡಿ ಕಟ್ಟಡಗಳಲ್ಲಿ ಮನೆ ಕೊಟ್ಟರು. ಅದು ಹಳೆಯ ಮನೆಗಿಂತ ಬೆಚ್ಚಗಿತ್ತು, ಅಲ್ಲಿ ನಲ್ಲಿಯಲ್ಲಿ ಬಿಸಿನೀರು ಬರುತ್ತಿತ್ತು. ಆದರೆ ನೆರೆಮನೆಯವನು ಸೋರ್ಬನಾಗಿರಲಿಲ್ಲ. ಸೋರ್ಬಿಯನ್ನನ್ನು ಮಾತಾಡಬೇಡವೆಂದು ಯಾರೂ ಹೇಳಲಿಲ್ಲ. ಮಾತಾಡಲು ಎದುರಿಗೆ ಜನವಿರಲಿಲ್ಲ. 1964ರಲ್ಲಿ ಶಾಲೆಗಳಲ್ಲಿ ಸೋರ್ಬಿಯನ್ ಕಲಿಕೆಯನ್ನು ಐಚ್ಛಿಕವಾಗಿಸಿದ ನಿಯಮದ ಪರಿಣಾಮವೂ ಇಂಥದೇ. ಕಲಿಯುವವರ ಸಂಖ್ಯೆ ಥಟ್ಟನೆ ಕುಸಿಯಿತು.

1990ರ ಜರ್ಮನ್ ಏಕೀಕರಣದ ನಂತರ ರಕ್ಷಣೆಯ ಭಾಷೆ ಇನ್ನಷ್ಟು ಉದಾತ್ತವಾಯಿತು. 1992ರ ಬ್ರಾಂಡೆನ್‌ಬುರ್ಗ್ ಸಂವಿಧಾನದ 25ನೆಯ ವಿಧಿ ಸೋರ್ಬರ ಪಾರಂಪರಿಕ ನೆಲೆಯ ರಕ್ಷಣೆಯನ್ನೇ ಹೆಸರಿಸಿ ಹೇಳುತ್ತದೆ. ಆ ವಿಧಿ ನಿಕಷಕ್ಕೆ ಒಡ್ಡಲ್ಪಟ್ಟದ್ದು ಹೊರ್ನೊ ಎಂಬ ಹಳ್ಳಿಯಲ್ಲಿ. ಅದರ ಸೋರ್ಬಿಯನ್ ಹೆಸರು ರೊಗೊವ್. ಗಣಿಯ ವಿಸ್ತರಣೆಗಾಗಿ ಹಳ್ಳಿಯನ್ನು ತೆರವುಗೊಳಿಸಲು ರಾಜ್ಯದ ಶಾಸನಸಭೆ 1997ರಲ್ಲಿ ಕಾಯಿದೆ ಮಾಡಿತು. ಹಳ್ಳಿಗರು ನ್ಯಾಯಾಲಯಕ್ಕೆ ಹೋದರು. ಸಂವಿಧಾನದ ಆ ವಿಧಿ ರಾಜ್ಯದ ಧ್ಯೇಯವನ್ನು ಸೂಚಿಸುವಂಥದೇ ಹೊರತು ಹಳ್ಳಿಯೊಂದನ್ನು ಉಳಿಸಿಯೇ ತೀರಬೇಕೆಂಬ ಕಟ್ಟುಪಾಡಲ್ಲ ಎಂದು ರಾಜ್ಯದ ಸಾಂವಿಧಾನಿಕ ನ್ಯಾಯಾಲಯ 1998ರಲ್ಲಿ ಹೇಳಿತು. 2000ರಲ್ಲಿ ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯವೂ ದೂರನ್ನು ಸ್ವೀಕರಿಸಲಿಲ್ಲ. ಹಳ್ಳಿ ಹೋಯಿತು. ಅದರ ನಿವಾಸಿಗಳಿಗಾಗಿ ಫೋರ್ಸ್ಟ್ ಪಟ್ಟಣದ ಬಳಿ ಕಟ್ಟಿದ ಹೊಸ ಹೊರ್ನೊದಲ್ಲಿ ಇಂದು ಗಣಿಗಳಿಗಾಗಿ ಅಳಿದುಹೋದ ಊರುಗಳ ಸಂಗ್ರಹಾಲಯವಿದೆ.

ಶಾಲೆಯ ವಿಷಯದಲ್ಲಿಯೂ ಇದೇ ನಡೆಯಿತು. ಕ್ರೋಸ್ಟ್‌ವಿಟ್ಸ್ ಹಳ್ಳಿ ಸೋರ್ಬಿಯನ್ ಮನೆಮಾತಾಗಿ ಉಳಿದಿರುವ ಕ್ಯಾಥೊಲಿಕ್ ಸೀಮೆಯ ಹೃದಯಭಾಗ. 2001ರಲ್ಲಿ ಅಲ್ಲಿಯ ಶಾಲೆಯ ಐದನೆಯ ತರಗತಿಗೆ 17 ಮಕ್ಕಳಿದ್ದರು. ರಾಜ್ಯದ ನಿಯಮದಂತೆ ಕನಿಷ್ಠ 20 ಮಕ್ಕಳಿರಬೇಕಾಗಿತ್ತು. ತರಗತಿಗೆ ಅನುಮತಿ ದೊರೆಯಲಿಲ್ಲ. ಪೋಷಕರು ಪ್ರತಿಭಟಿಸಿದರು, ನಿವೃತ್ತ ಶಿಕ್ಷಕರು ವಾರಗಟ್ಟಲೆ ಆ ಮಕ್ಕಳಿಗೆ ಪಾಠ ಹೇಳಿದರು, ಸುದ್ದಿ ಜರ್ಮನಿಯ ಆಚೆಗೂ ಹೋಯಿತು. 2003ರಲ್ಲಿ ಆ ಮಾಧ್ಯಮಿಕ ಶಾಲೆ ಮುಚ್ಚಿತು. ಮೂರು ಮಕ್ಕಳ ಕೊರತೆ.

ಈ ತೀರ್ಮಾನಗಳನ್ನು ಕೈಗೊಂಡವರು ಸೋರ್ಬರ ದ್ವೇಷಿಗಳಾಗಿರಲಿಲ್ಲ. ಅವರ ವಾದವನ್ನು ನ್ಯಾಯವಾಗಿ ಕೇಳಬೇಕು. ಗಣಿ ಸೋರ್ಬರಿಗೂ ಉದ್ಯೋಗ ಕೊಟ್ಟಿತು. ಅದಿಲ್ಲದಿದ್ದರೆ ಯುವಕರು ನಾಡನ್ನೇ ಬಿಟ್ಟು ಹೋಗುತ್ತಿದ್ದರು. ತರಗತಿಯ ಕನಿಷ್ಠ ಸಂಖ್ಯೆ ಜರ್ಮನ್ ಹಳ್ಳಿಗಳಿಗೂ ಅನ್ವಯಿಸುತ್ತಿತ್ತು. ಪೂರ್ವ ಜರ್ಮನಿಯಲ್ಲಿ ಜನನ ಪ್ರಮಾಣ ಕುಸಿದು ನೂರಾರು ಶಾಲೆಗಳು ಮುಚ್ಚಿದವು. ಒಬ್ಬರಿಗೊಂದು ನಿಯಮ, ಇನ್ನೊಬ್ಬರಿಗೊಂದು ನಿಯಮ ಎಂದಾದರೆ ಸಮಾನತೆಯೆಲ್ಲಿ? ಅಲ್ಲದೆ, ಎಷ್ಟೋ ಸೋರ್ಬ್ ತಂದೆತಾಯಿಗಳು ಮಕ್ಕಳ ಏಳಿಗೆಗಾಗಿ ತಾವೇ ಜರ್ಮನ್ನನ್ನು ಆರಿಸಿಕೊಂಡರಲ್ಲವೆ?

ಈ ವಾದದ ದೋಷವಿರುವುದು ಸಮಾನತೆಯ ಅಳತೆಗೋಲಿನಲ್ಲಿ. ಜರ್ಮನ್ ಹಳ್ಳಿಯ ಶಾಲೆ ಮುಚ್ಚಿದರೆ ಮಕ್ಕಳು ಬಸ್ಸಿನಲ್ಲಿ ಮುಂದಿನ ಊರಿಗೆ ಹೋಗಿ ಅದೇ ಜರ್ಮನ್ನಿನಲ್ಲಿ ಕಲಿಯುತ್ತಾರೆ. ಅವರು ಕಳೆದುಕೊಳ್ಳುವುದು ಅನುಕೂಲವನ್ನು ಮಾತ್ರ. ಸೋರ್ಬಿಯನ್ ಶಾಲೆ ಮುಚ್ಚಿದರೆ ಮಗು ಆಟದ ಬಯಲಿನ ಭಾಷೆಯನ್ನು ಕಳೆದುಕೊಳ್ಳುತ್ತದೆ. ಮುಂದಿನ ಊರಿನ ಶಾಲೆಯೂ ಹೀಗೆಯೇ ಮೂರು ಮಕ್ಕಳ ಅಂತರದಲ್ಲಿ ಉಸಿರು ಹಿಡಿದು ನಿಂತಿರುತ್ತದೆ. ಇಪ್ಪತ್ತು ಎಂಬ ಸಂಖ್ಯೆ ಒಂದೇ ಆಗಿದ್ದರೂ ಅದು ಕಸಿದುಕೊಳ್ಳುವುದು ಒಂದೇ ಅಲ್ಲ. ಒಂದು ಟನ್ ಕಲ್ಲಿದ್ದಲಿಗೆ ಬೆಲೆ ಕಟ್ಟಬಹುದು, ಒಂದು ಮನೆಗೆ ಪರಿಹಾರ ನಿಗದಿಪಡಿಸಬಹುದು. ಒಂದು ಬೀದಿಯ ಎರಡೂ ಬದಿಯವರು ಒಂದೇ ನುಡಿಯಲ್ಲಿ ಮಾತಾಡುತ್ತಿದ್ದರೆಂಬ ಸಂಗತಿ ಯಾವ ಪರಿಹಾರಪಟ್ಟಿಯಲ್ಲೂ ದಾಖಲಾಗುವುದಿಲ್ಲ. ಸಣ್ಣ ಭಾಷೆಯ ನಿಜವಾದ ಆಸ್ತಿ ಅದೊಂದೇ.

ತಂದೆತಾಯಿಗಳ ಆಯ್ಕೆಯ ಮಾತಿಗೂ ಇದೇ ಉತ್ತರ. ಕ್ರೋಸ್ಟ್‌ವಿಟ್ಸ್ ಸುತ್ತಲಿನ ಕ್ಯಾಥೊಲಿಕ್ ಹಳ್ಳಿಗಳ ಸೋರ್ಬರು ಲುಥೆರನ್ ಸೋರ್ಬರಿಗಿಂತ ಹೆಚ್ಚು ಭಾಷಾಭಿಮಾನಿಗಳಾಗಿದ್ದುದರಿಂದ ಭಾಷೆಯನ್ನು ಉಳಿಸಿಕೊಂಡರೆಂದು ಹೇಳಲಾಗದು. ಜೆಯ್ಲರ್, ಸ್ಮೊಲೆರ್, ಮುಕಾ ಇವರೆಲ್ಲ ಲುಥೆರನ್ ಪರಂಪರೆಯವರೇ. ಕ್ಯಾಥೊಲಿಕ್ ಸೀಮೆಯಲ್ಲಿ ಮದುವೆ, ಚರ್ಚು, ಹಬ್ಬ, ನೆರೆಹೊರೆ ಎಲ್ಲವೂ ಒಂದೇ ವಲಯದೊಳಗೆ ನಡೆದವು. ಸುತ್ತಲಿನ ಜರ್ಮನರು ಲುಥೆರನ್ನರಾದುದರಿಂದ ಅವರೊಡನೆ ವಿವಾಹಸಂಬಂಧ ಕಡಿಮೆಯಿತ್ತು. ಈಸ್ಟರ್ ದಿನ ಗಂಡಸರು ಕುದುರೆಯೇರಿ ಊರಿಂದೂರಿಗೆ ಹಾಡುತ್ತ ಹೋಗುವ ಮೆರವಣಿಗೆ ಇಂದು ಪ್ರವಾಸಿಗರ ಕ್ಯಾಮೆರಾಗಳಿಗೆ ನೋಟವಾಗಿದೆ. ಆದರೆ ಹಾಡುವವನಿಗೆ ಆ ಹಾಡಿನ ಅರ್ಥ ಗೊತ್ತಿದೆ, ಮನೆಗೆ ಹಿಂದಿರುಗಿದ ಮೇಲೂ ಅವನು ಅದೇ ಭಾಷೆಯಲ್ಲಿ ಊಟ ಕೇಳುತ್ತಾನೆ. ಭಾಷೆ ಉಳಿಯುವುದು ಹೀಗೆ ಸಂದರ್ಭಗಳು ಒಂದಕ್ಕೊಂದು ಹೆಣೆದುಕೊಂಡಿರುವಲ್ಲಿ. ಆ ಹೆಣಿಗೆ ಕಳಚಿದಲ್ಲಿ ಜರ್ಮನ್ನನ್ನು ‘ಆರಿಸಿಕೊಳ್ಳುವುದು’ ಆಯ್ಕೆಯೆನಿಸುವುದಿಲ್ಲ. ಉಳಿದಿರುವ ಒಂದೇ ದಾರಿಯಲ್ಲಿ ನಡೆಯುವುದೆನಿಸುತ್ತದೆ. ಹತ್ತು ಸೋರ್ಬರ ನಡುವೆ ಒಬ್ಬ ಜರ್ಮನ್ ಬಂದು ಕುಳಿತರೆ ಹತ್ತು ಮಂದಿಯೂ ಜರ್ಮನ್ನಿಗೆ ಹೊರಳುವ ಸೌಜನ್ಯವೂ ಈ ದಾರಿಯಲ್ಲೇ ರೂಢಿಯಾದದ್ದು.

ಸೋರ್ಬರ ಸಂಖ್ಯೆ ಸುಮಾರು 60,000 ಎಂಬ ಅಂದಾಜು ದಶಕಗಳಿಂದ ಗ್ರಂಥದಿಂದ ಗ್ರಂಥಕ್ಕೆ ಸಾಗಿ ಬಂದಿದೆ. ಜರ್ಮನಿಯಲ್ಲಿ ಸೋರ್ಬನೆಂಬುದು ಸ್ವಯಂ ಘೋಷಣೆಯ ವಿಷಯ. ಸರ್ಕಾರ ಅದನ್ನು ಪರೀಕ್ಷಿಸುವಂತಿಲ್ಲ. ಭಾಷೆಯನ್ನು ದಿನವೂ ಬಳಸುವವರು ಈ ಸಂಖ್ಯೆಗಿಂತ ತೀರ ಕಡಿಮೆ. ಕೆಳಗಿನ ಸೋರ್ಬಿಯನ್ನಿನ ಸ್ಥಿತಿ ಇನ್ನೂ ಗಂಭೀರವಾದುದು. ಅದನ್ನು ಮನೆಯಲ್ಲಿ ಕಲಿತವರು ಬಹುತೇಕ ವೃದ್ಧರು. ಯುನೆಸ್ಕೊದ ಅಳಿವಿನಂಚಿನ ಭಾಷೆಗಳ ನಕಾಶೆಯಲ್ಲಿ ಎರಡೂ ಇವೆ.  ಇದೇ ಸ್ಲಾವಿಕ್ ಕುಟುಂಬದ, ಎಲ್ಬೆಯ ಕೆಳದಂಡೆಯ ಪೊಲಾಬಿಯನ್ ಭಾಷೆ ಹದಿನೆಂಟನೆಯ ಶತಮಾನದಲ್ಲಿ ನಿಂತುಹೋಯಿತು. ಯಾನ್ ಪಾರುಮ್ ಶುಲ್ಟ್ಸೆ ಎಂಬ ರೈತ ತನ್ನ ಊರಿನ ವೃತ್ತಾಂತದಲ್ಲಿ ಬರೆದಿಟ್ಟ ಪದಗಳು ಅದರ ಕಡೆಯ ಕುರುಹುಗಳಲ್ಲಿ ಸೇರಿವೆ. ಸೋರ್ಬಿಯನ್ನಿನ ಮುಂದಿರುವ ಕೊನೆ ಯಾವುದೆಂದು ತಿಳಿಯಲು ದೂರ ಹುಡುಕಬೇಕಾಗಿಲ್ಲ.

ಆದರೂ ಒಂದು ಪ್ರಯತ್ನ ಸರಿಯಾದ ದಿಕ್ಕಿನಲ್ಲಿದೆ. 1998ರಲ್ಲಿ ಕಾಟ್‌ಬುಸ್ ಬಳಿಯ ಸೀಲೊ ಎಂಬಲ್ಲಿ, ಸೋರ್ಬಿಯನ್ನಿನಲ್ಲಿ ಝೀಲೊವ್ ಎಂಬಲ್ಲಿ, ‘ವಿತಾಯ್’ ಎಂಬ ಯೋಜನೆಯ ಶಿಶುವಿಹಾರ ಆರಂಭವಾಯಿತು. ಆ ಪದಕ್ಕೆ ‘ಸ್ವಾಗತ’ ಎಂದರ್ಥ. ಫ್ರಾನ್ಸಿನ ಬ್ರೆಟನ್ ಭಾಷಿಕರ ‘ದಿವಾನ್’ ಶಾಲೆಗಳ ಮಾದರಿಯಲ್ಲಿ, ಮನೆಯಲ್ಲಿ ಜರ್ಮನ್ ಆಡುವ ಮಕ್ಕಳೊಡನೆ ಅಲ್ಲಿ ಶಿಕ್ಷಕರು ಸೋರ್ಬಿಯನ್ನಿನಲ್ಲೇ ಮಾತಾಡುತ್ತಾರೆ. ಹೀಗೆ ಕಲಿತ ಮಕ್ಕಳ ಮಾತು ಪುಸ್ತಕದ ಮಾತು, ಅಜ್ಜಿಯ ಮಾತಿನ ಲಯ ಅದರಲ್ಲಿಲ್ಲ ಎಂಬ ಆಕ್ಷೇಪ ಕೇಳಿಬರುತ್ತದೆ. ಆಕ್ಷೇಪದಲ್ಲಿ ಸತ್ಯಾಂಶವಿದೆ. ಆದರೆ ಲಯ ಒದಗಬೇಕಾದದ್ದು ಅಜ್ಜಿ ಮತ್ತು ಮಗು ಒಂದೆಡೆ ಕೂಡುವುದರಿಂದಲೇ ಹೊರತು, ಮಗು ಸುಮ್ಮನಿರುವುದರಿಂದಲ್ಲ. ಕಲಿತವರ ಭಾಷೆಯನ್ನು ಕೀಳೆಂದು ತಳ್ಳುವ ವಿದ್ವಾಂಸನು ಶುದ್ಧಿಯನ್ನು ಉಳಿಸಿ ಭಾಷೆಯನ್ನು ಕಳೆದುಕೊಳ್ಳುತ್ತಾನೆ.

ಜರ್ಮನಿ 2020ರ ಕಾಯಿದೆಯಂತೆ 2038ರೊಳಗೆ ಕಲ್ಲಿದ್ದಲಿನಿಂದ ವಿದ್ಯುತ್ ಉತ್ಪಾದಿಸುವುದನ್ನು ನಿಲ್ಲಿಸಲಿದೆ. ಲುಸಾಷಿಯಾದ ಪುನರ್ನಿರ್ಮಾಣಕ್ಕೆ ದೊಡ್ಡ ಮೊತ್ತದ ಹಣ ಹರಿದು ಬರುತ್ತಿದೆ. ಗಣಿಗಳಿದ್ದ ಹಳ್ಳಗಳಲ್ಲಿ ನೀರು ತುಂಬಿ ಸರೋವರಗಳಾಗುತ್ತಿವೆ. ಅವುಗಳ ದಡದಲ್ಲಿ ಎರಡು ಭಾಷೆಯ ಫಲಕಗಳನ್ನು ನೆಡುವುದು ಸುಲಭ. ಹಣದ ಒಂದು ಪಾಲು ವಸ್ತುಪ್ರದರ್ಶನಗಳಿಗೂ ವೇಷಭೂಷಣಗಳ ಉತ್ಸವಗಳಿಗೂ ಹೋಗುವುದು ತಪ್ಪಲ್ಲ. ಆದರೆ ಯೋಜನೆಯೊಂದು ಭಾಷೆಗೆ ಒದಗಿತೇ ಎಂಬುದನ್ನು ಅಳೆಯಲು ಬೇರೆ ಪ್ರಶ್ನೆ ಬೇಕು: ಅದರ ನಂತರ ಸೋರ್ಬಿಯನ್ನಿನಲ್ಲಿ ದಿನ ಕಳೆಯಬಹುದಾದ ಒಂದು ತಾಣ ಹೆಚ್ಚಾಯಿತೇ, ಕಡಿಮೆಯಾಯಿತೇ? ಶಿಶುವಿಹಾರ, ಕಾರ್ಯಾಗಾರ, ವೃದ್ಧರ ಆರೈಕೆಯ ಮನೆ, ಪಂಚಾಯಿತಿಯ ಕಚೇರಿ ಇವುಗಳಲ್ಲಿ ಯಾವುದಾದರೂ ಆದೀತು. ಅಲ್ಲಿ ಹದಿನೇಳು ಮಂದಿ ಇದ್ದರೂ ಸಾಕು. ದ್ವಿವಚನವನ್ನು ಉಳಿಸಿಕೊಂಡ ಭಾಷೆಗೆ ಇಬ್ಬರ ಬೆಲೆಯೂ ಗೊತ್ತಿದೆ. ಆ ಬೆಲೆಯನ್ನು ಅರಿಯಬೇಕಾದದ್ದು ಲೆಕ್ಕ ಹಾಕುವವರು.